ಮಲ್ಕಮ್ಮನ ಉಡಿ

"ಮತ್ತ ಬಿಚ್ಚೇದ ನೋಡ್ರಿ," ಎಂದಳು ಮಲ್ಕಮ್ಮ ಒಳಕೋಣೆಯಿಂದ. ದನಿಯಲ್ಲಿ ಸಿಟ್ಟಿರಲಿಲ್ಲ, ಅಳುವೂ ಇರಲಿಲ್ಲ. ಸೋರುವ ಮಾಳಿಗೆಯ ಸುದ್ದಿ ಹೇಳುವವರ ದಣಿವು ಮಾತ್ರ ಇತ್ತು.

ದೇವೀಂದ್ರಪ್ಪ ಅರ್ಧ ಕುಡಿದ ಚಹಾ ಕೆಳಗಿಟ್ಟು ಎದ್ದ. ಬೆಳಗಾದಾಗಿನಿಂದ ಇದು ಮೂರನೆಯ ಸಲ. ಹೆಂಡತಿ ಗೋಡೆಯ ಕಡೆ ಮುಖ ಮಾಡಿ ನಿಂತಿದ್ದಳು. ಒಂದು ಕೈಯಲ್ಲಿ ಸೀರೆಯ ನೆರಿಗೆ ಎತ್ತಿ ಹಿಡಿದು, ಇನ್ನೊಂದರಲ್ಲಿ ಹಳೆಯ ಟವೆಲನ್ನು ಹೊಟ್ಟೆಗೆ ಒತ್ತಿಕೊಂಡಿದ್ದಳು. ಹೊಟ್ಟೆಗೆ ಅಂಟಿಸಿದ್ದ ಚೀಲದ ಒಂದು ಅಂಚು ಬಾಯಿ ಬಿಟ್ಟಿತ್ತು.

ಹೋದ ಶ್ರಾವಣದಲ್ಲಿ ಜ್ವರ ಬಂದು ಬಂದು ಮಲ್ಕಮ್ಮನ ಸಣ್ಣ ಕರುಳು ತೂತು ಬಿದ್ದಿತ್ತು. ಕಲಬುರಗಿಯ ಡಾಕ್ಟರು ಹೊಟ್ಟೆ ಕೊಯ್ದು ಜೀವ ಉಳಿಸಿದರು. ಕೆಟ್ಟ ಭಾಗ ತೆಗೆದು, ಉಳಿದ ಕರುಳಿನ ತುದಿಯನ್ನು ಹೊಕ್ಕಳಿನ ಬಲಕ್ಕೆ ಹೊರಗೆ ತಂದು ಹೊಲಿದರು. ಗಾಯ ಮಾಗಿ ಮತ್ತೆ ಒಳಗೆ ಜೋಡಿಸುವವರೆಗೂ ಎಲ್ಲವೂ ಅಲ್ಲಿಂದಲೇ ಚೀಲಕ್ಕೆ ಬೀಳಬೇಕು. ಆಸ್ಪತ್ರೆಯವರು ಅದನ್ನು ಸ್ಟೋಮಾ ಎಂದರು. ಮನೆಯಲ್ಲಿ ಗಂಡಹೆಂಡತಿ ಬರೀ 'ಅದು' ಎನ್ನುತ್ತಿದ್ದರು.

ಮೊದಮೊದಲು ಅದು ಬೆರಳ ಗಿಣ್ಣಿನಷ್ಟು ಎದ್ದು ನಿಂತಿತ್ತು, ಕೆಂಪಗೆ, ತೇವವಾಗಿ. ಬಂದದ್ದು ನೇರ ಚೀಲಕ್ಕೆ ಹೋಗುತ್ತಿತ್ತು. ಎರಡು ತಿಂಗಳು ಕಳೆಯುವಷ್ಟರಲ್ಲಿ ಯಾಕೋ ಒಳಗೆ ಸರಿಯತೊಡಗಿತು. ಈಗ ಅಲ್ಲಿ ಒಂದು ಗುಂಡಿ, ಗುಂಡಿಯ ತಳದಲ್ಲಿ ಕೆಂಪು. ಬಂದದ್ದು ಚೀಲಕ್ಕೆ ಬೀಳದೆ ಅಂಟಿನ ಕೆಳಗೆ ನುಸುಳಿ, ಸುತ್ತಲ ಚರ್ಮವನ್ನು ಕಾದ ಎಣ್ಣೆ ಸಿಡಿದ ಹಾಗೆ ಸುಡುತ್ತಿತ್ತು.

ದೇವೀಂದ್ರಪ್ಪ ಅವಳನ್ನು ಮಂಚದ ಮೇಲೆ ಮಲಗಿಸಿದ. ಅಫಜಲಪುರದ ಬಸ್ ನಿಲ್ದಾಣದ ಹಿಂದೆ ಅವನದು ಪಂಕ್ಚರ್ ಅಂಗಡಿ. ಹವಳಗಾ ಕಾರ್ಖಾನೆಗೆ ಕಬ್ಬು ಹೊರುವ ಟ್ರ್ಯಾಕ್ಟರುಗಳ ಗಾಲಿಯನ್ನು ಒದ್ದು ಉರುಳಿಸುವ ಆಸಾಮಿ, ಇಲ್ಲಿ ಮಾತ್ರ ಬೆಣ್ಣೆಯಲ್ಲಿ ಕೂದಲು ತೆಗೆದ ಹಾಗೆ ಕೆಲಸ ಮಾಡುತ್ತಿದ್ದ. ಬೆಚ್ಚನೆಯ ನೀರಿನಲ್ಲಿ ಒರೆಸಿದ, ಊದಿದ, ಆಮೇಲೆ ಬಟ್ಟಲಿನಿಂದ ನಿಜವಾಗಿಯೂ ಬೆಣ್ಣೆಯನ್ನೇ ತೆಗೆದ. ಪಕ್ಕದ ಮನೆಯ ಖಾಸೀಂಬಿ ದಿನಾ ಕಳಿಸುತ್ತಿದ್ದ ಎಮ್ಮೆಯ ಬೆಣ್ಣೆ ಅದು. ಸುಟ್ಟದ್ದಕ್ಕೆ ಬೆಣ್ಣೆ ಎಂದು ಅವನ ತಾಯಿ ಹೇಳುತ್ತಿದ್ದಳು. ಚರ್ಮ ಕೆಂಪಾದಷ್ಟೂ ಅವನ ಕರುಳು ಚುರ್ ಎನ್ನುತ್ತಿತ್ತು, ಕರುಳು ಚುರ್ ಎಂದಷ್ಟೂ ಬೆಣ್ಣೆಯ ಪ್ರಮಾಣ ಹೆಚ್ಚುತ್ತಿತ್ತು. ಹಚ್ಚಿದ ಬೆಣ್ಣೆಯನ್ನು ಮೇಲೆ ಮೇಲೆ ಒರೆಸಿ, ಹೊಸ ಚೀಲ ಅಂಟಿಸಿ, ಅಂಗೈ ಇಟ್ಟು ಕೂತ.

ಅಷ್ಟರಲ್ಲಿ ಜೇವರ್ಗಿಯಿಂದ ಮಗಳ ಫೋನು ಬಂತು. ಪಲ್ಲವಿಯ ಚೊಚ್ಚಲ ಹೆರಿಗೆಯಾಗಿ ಒಂದೂವರೆ ತಿಂಗಳಾಗಿತ್ತು. ಮೊದಲ ಬಾಣಂತನ ತವರಿನಲ್ಲಿ ಆಗಬೇಕಿತ್ತು. ತವರೇ ಹಾಸಿಗೆ ಹಿಡಿದಿದ್ದರಿಂದ ಅತ್ತೆಯ ಮನೆಯಲ್ಲಿ ಆಯಿತು. ಮೊಮ್ಮಗಳನ್ನು ಮಲ್ಕಮ್ಮ ನೋಡಿದ್ದು ಫೋನಿನಲ್ಲೇ.

"ಅವ್ವಾ, ಐತವಾರ ತೊಟ್ಲಾ ಇಟ್ಕೊಂಡೇವಿ. ನೀ ಬರ್ಬೇಕು."

"ನಿಮ್ಮಪ್ಪ ಬರ್ತಾನಲ್ಲ."

"ಕೂಸಿಗಿ ಅಪ್ಪನ ಉಡ್ಯಾಗ ಹಾಕ್ಲೇನು? ನೀ ಕುಂತು, ಉಡ್ಯಾಗ ಹಾಕ್ಕೊಂಡು ಹೆಸರು ಕರೀಬೇಕು. ನಿನ್ನ ಸಲುವಾಗೇ ಇಷ್ಟು ದಿನಾ ತಡದೀನಿ. ನೀ ಬರಲಿಲ್ಲಂದ್ರ ತೊಟ್ಲಾನೇ ಬ್ಯಾಡ."

ಫೋನಿಟ್ಟ ಮೇಲೆ ಮಲ್ಕಮ್ಮ ಮಾಳಿಗೆ ನೋಡುತ್ತ ಹೇಳಿದಳು: "ನಿಂತ್ರ ಹ್ಯಾಂಗರೆ ತಡೀತದ. ಕುಂತ್ರ ಸೋರ್ತದ. ಬೀಗರ ಮನ್ಯಾಗ, ಹತ್ತು ಹೆಣ್ಮಕ್ಕಳ ನಡುವ, ಕೂಸಿನ ಮ್ಯಾಲೇ ಸೋರಿದ್ರ ಏನ್ ಮಾಡ್ಲಿ? ಅವರು ಬಾಯಿಲೆ ಅನ್ನಲ್ಲ. ಆದ್ರ ಪಲ್ಲವಿ ಆ ಮನ್ಯಾಗ ತಲಿ ಎತ್ತಿ ತಿರುಗ್ಯಾಳೇನು?"

"ನಾಳೆ ಕಲಬುರಗಿಗಿ ಹೋಗಮು," ಎಂದ ದೇವೀಂದ್ರಪ್ಪ. "ಆ ಚೀಲದ ಸಿಸ್ಟರ್‌ಗ ತೋರಸಮು."

"ಬಸ್ಸಿನ್ಯಾಗ ಹ್ಯಾಂಗ ಕೂಡ್ಲಿ?"

ಈ ಒಂದು ಪ್ರಶ್ನೆಗೆ ಹೆದರಿಯೇ ಅವರು ಮೂರು ತಿಂಗಳು ಆಸ್ಪತ್ರೆಯ ಕಡೆ ತಲೆ ಹಾಕಿರಲಿಲ್ಲ. ಈ ಸಲ ದೇವೀಂದ್ರಪ್ಪ ಬಿಡಲಿಲ್ಲ, ಮರುದಿನ ಬಸ್ಸು ಹತ್ತಿಸಿದ.

ಬಸ್ಸು ಅರ್ಧ ಖಾಲಿಯಿತ್ತು. ಸೊಂಟಕ್ಕೆ ಎರಡು ಟವೆಲು ಸುತ್ತಿಕೊಂಡ ಮಲ್ಕಮ್ಮ ಕಂಬಿ ಹಿಡಿದು ನಿಂತೇ ಇದ್ದಳು. ಹಿಂದಿನ ದಿನದಿಂದ ಅನ್ನ ಮುಟ್ಟಿರಲಿಲ್ಲ. ಹೊಟ್ಟೆಗೆ ಹಾಕದಿದ್ದರೆ ಹೊರಗೆ ಬರುವುದಾದರೂ ಏನು ಎಂಬುದು ಅವಳ ಲೆಕ್ಕ.

"ಯವ್ವಾ, ಸೀಟ್ ಖಾಲಿ ಅವ, ಕುಂದರಬಾರ್ದಾ?" ಎಂದ ಕಂಡಕ್ಟರ್.

"ನಂಗ ನಿಂತ್ರೇ ಚಲೋ ಅನಸ್ತದಪ್ಪಾ."

ಕಂಡಕ್ಟರ್ ದೇವೀಂದ್ರಪ್ಪನ ಕಡೆ ನೋಡಿದ. "ನಂಗೂ," ಎಂದ ದೇವೀಂದ್ರಪ್ಪ. ಮುಂದೆ ಎರಡು ಸೀಟು ಖಾಲಿ ಇಟ್ಟುಕೊಂಡು ಗಂಡಹೆಂಡತಿ ಕಲಬುರಗಿಯವರೆಗೆ ನಿಂತೇ ಹೋದರು.

ಸ್ಟೋಮಾ ನೋಡಿಕೊಳ್ಳುವ ನರ್ಸ್ ಕೈನಾತ, ಅವರ ಪಲ್ಲವಿಯ ಓರಗೆಯ ಹುಡುಗಿ. ಟವೆಲು ಬಿಚ್ಚಿದಾಗ ಅವಳು ಮೂಗು ಮುರಿಯಲಿಲ್ಲ, ಅಯ್ಯೋ ಎನ್ನಲೂ ಇಲ್ಲ. ಚೀಲಕ್ಕೆ ಕೈ ಹಚ್ಚಿದ್ದೇ ತಡ, ಅದು ಜಾರಿ ಬಂತು. ಚರ್ಮವನ್ನು ಬೆರಳ ತುದಿಯಿಂದ ಮುಟ್ಟಿ, ಬೆರಳುಗಳನ್ನು ಒಂದಕ್ಕೊಂದು ತಿಕ್ಕಿ ನೋಡಿದಳು.

"ಕಾಕಾ, ಇದಕ್ಕ ಏನ್ ಹಚ್ತೀರಿ?"

"ಬೆಣ್ಣಿ ರೀ. ಅಂಗಡೀದಲ್ಲ, ಎಮ್ಮೀದು, ತಾಜಾ," ಎಂದ ದೇವೀಂದ್ರಪ್ಪ. ಅವನ ದನಿಯಲ್ಲಿ ಸ್ವಲ್ಪ ಹೆಮ್ಮೆಯೂ ಇತ್ತು.

"ಬೆಣ್ಣಿ ಮ್ಯಾಲ ಅಂಟು ಹ್ಯಾಂಗ ಹಿಡೀತದ ಕಾಕಾ?"

ದೇವೀಂದ್ರಪ್ಪ ತನ್ನ ಬೆರಳುಗಳನ್ನು ನೋಡಿಕೊಂಡ. ಮೂವತ್ತು ವರ್ಷದಿಂದ ಟ್ಯೂಬಿಗೆ ಪ್ಯಾಚು ಹಚ್ಚಿ ಹೊಟ್ಟೆ ಹೊರೆದ ಮನುಷ್ಯ. ಮೊದಲು ರಬ್ಬರು ಉಜ್ಜಬೇಕು, ಧೂಳು ಒರೆಸಬೇಕು, ಒಣಗಿಸಬೇಕು. ಗ್ರೀಸಿನ ಕೈ ತಾಗಿದರೂ ಪ್ಯಾಚು ನಿಲ್ಲುವುದಿಲ್ಲ. ಎಣ್ಣೆ ಕೈಯಲ್ಲಿ ಟ್ಯೂಬು ಮುಟ್ಟಿದ ಎಷ್ಟು ಡ್ರೈವರುಗಳನ್ನು ಅವನು ಬೈದು ದೂರ ಅಟ್ಟಿಲ್ಲ! ದೀಪದ ಬುಡದಲ್ಲೇ ಕತ್ತಲು ಎನ್ನುವುದು ಸುಳ್ಳಲ್ಲ. ಹೆಂಡತಿಯ ಹೊಟ್ಟೆ ಅವನ ಕಣ್ಣಿಗೆ ಎಂದೂ ಅಂಗಡಿಯ ಕೆಲಸವಾಗಿ ಕಂಡಿರಲಿಲ್ಲ, ಅಷ್ಟೇ ಅವನ ತಪ್ಪು.

"ನಾನೇ ಸುಟ್ಟೆನಲ್ಲ ನಿಂಗ," ಎಂದ. ಕಣ್ಣು ತುಂಬಿ ಬಂದವು, ಮರೆಮಾಡಲೂ ಹೋಗಲಿಲ್ಲ.

"ಸುಮ್ನಿರ್ರಿ," ಎಂದಳು ಮಲ್ಕಮ್ಮ ಮಲಗಿದಲ್ಲಿಂದಲೇ. "ಹಚ್ಚಿದಾಗ ತಂಪ್ ಆಗ್ತಿತ್ತು."

ಕೈನಾತ ಸ್ವಲ್ಪ ಹೊತ್ತು ಹತ್ತಿ ಹುಡುಕುವವಳ ಹಾಗೆ ಕಪಾಟಿನ ಕಡೆ ತಿರುಗಿ ನಿಂತಳು. ಹತ್ತಿ ಮೇಜಿನ ಮೇಲೆಯೇ ಇತ್ತು.

"ಬೆಣ್ಣಿ ಒಂದೇ ಅಲ್ಲ ಕಾಕಾ," ಎಂದಳು ಆಮೇಲೆ. "ಅಮ್ಮಾ, ಈಗ ಎದ್ದು ಕುಂದರ್ರಿ. ಕಾಕಾ, ನೀವು ಬಗ್ಗಿ ನೋಡ್ರಿ."

ಮಲ್ಕಮ್ಮ ಅಂಜುತ್ತ ಎದ್ದು ಕೂತಳು. ಮಲಗಿದಾಗ ಸಪಾಟಾಗಿದ್ದ ಹೊಟ್ಟೆ ಕೂತ ಕೂಡಲೇ ಮಡಚಿತು. ಮಡಿಕೆಯ ನಡುವೆ ಆ ಕೆಂಪು ಗುಂಡಿ ಇನ್ನಷ್ಟು ಒಳಗೆ ಹೋಯಿತು, ಎರಡೂ ಬದಿಗೆ ಒಂದೊಂದು ಕಾಲುವೆ ಬಿತ್ತು. ಇಷ್ಟೂ ದಿನ ದೇವೀಂದ್ರಪ್ಪ ಅವಳನ್ನು ಮಲಗಿಸಿಯೇ ಚೀಲ ಅಂಟಿಸಿದ್ದ. ಕೂತಾಗ ಅದು ಹೇಗಿರುತ್ತದೆ ಎಂದು ಒಮ್ಮೆಯೂ ನೋಡಿರಲಿಲ್ಲ.

"ಗಾಯ ಮಾಯುವಾಗ ಒಳಗಿಂದ ಜಗ್ಗೇದ," ಎಂದಳು ಕೈನಾತ. "ಇದಕ್ಕ ಚರ್ಮಕ್ಕ ಅಂಟೋ ಸಪಾಟ ಪ್ಲೇಟ್ ನಡ್ಯಲ್ಲ. ಈ ಬ್ಯಾರೆ ಪ್ಲೇಟ್ ನೋಡ್ರಿ, ನಡುವ ಉಬ್ಬೇದ. ಇದು ಸುತ್ತಲ ಚರ್ಮ ಒತ್ತಿ ಹಿಡೀತದ, ಸ್ಟೋಮಾ ಜರಾ ಮ್ಯಾಲ ಬರ್ತದ. ಮಡಿಕ್ಯಾಗ ಈ ಪೇಸ್ಟ್ ತುಂಬ್ರಿ. ಮ್ಯಾಲ ಬೆಲ್ಟ್ ಹಾಕ್ರಿ, ಭಾಳ ಬಿಗಿ ಬ್ಯಾಡ. ತೊಳಿಯಾಕ ಬರೀ ನೀರು. ಹಸಿ ಇದ್ದಲ್ಲಿ ಈ ಪುಡಿ ಹಾಕಿ ಝಾಡಿಸ್ರಿ."

"ಮತ್ತ ಕೊಯ್ಯಬೇಕಾಗ್ತದೇನು?" ಎಂದಳು ಮಲ್ಕಮ್ಮ.

"ಮೊದಲು ಇದು ಮಾಡಿ ನೋಡಮು ಅಮ್ಮಾ. ನಿಲ್ಲಲಿಲ್ಲಂದ್ರ ಡಾಕ್ಟರ್ ಹೇಳ್ತಾರ. ಅದು ಕಪ್ಪ ಆದ್ರ, ಇಲ್ಲಾ ಏನೂ ಬರೋದು ನಿಂತು ಹೊಟ್ಟಿ ನೋವಾದ್ರ ಮಾತ್ರ ಒಂದು ತಾಸೂ ತಡೀಬ್ಯಾಡ್ರಿ. ಮತ್ತ ಉಪಾಸ ಬಿಡ್ರಿ. ಉಪಾಸ ಇದ್ರ ಕರುಳು ಸುಮ್ನಿರಲ್ಲ, ನೀರ್ ನೀರ್ ಮಾಡಿ ಮತ್ತಷ್ಟು ಸುಡ್ತದ."

ಕೈನಾತ ಒಂದು ಸಲ ಹಚ್ಚಿ ತೋರಿಸಿದಳು. ಆಮೇಲೆ ತೆಗೆದು, ದೇವೀಂದ್ರಪ್ಪನ ಕೈಗೆ ಕೊಟ್ಟಳು. ಅವನು ಸೋಪು ಹಾಕಿ ಕೈ ತೊಳೆದ, ಮತ್ತೊಮ್ಮೆ ತೊಳೆದ, ಉಗುರಿನ ಸಂದಿಯ ಕಪ್ಪು ಹೋಗುವವರೆಗೂ ತಿಕ್ಕಿದ. ಅಳತೆ ನೋಡಿ ತೂತು ಕತ್ತರಿಸಿದ, ಚರ್ಮ ಒಣಗಿದೆಯೇ ಎಂದು ಕೈಯ ಹಿಂಬದಿಯಿಂದ ಮುಟ್ಟಿ ನೋಡಿದ, ಮಡಿಕೆ ತುಂಬಿ ಪ್ಲೇಟು ಒತ್ತಿದ. ಅದರ ಮೇಲೆ ಅಂಗೈ ಇಟ್ಟು ಮನಸ್ಸಿನಲ್ಲೇ ನೂರರವರೆಗೆ ಎಣಿಸಿದ. ಕೈನಾತ ಬೆಲ್ಟನ್ನು ಅವನ ಕೈಗೆ ಕೊಟ್ಟಳು.

ಒಂದೇ ದಿನಕ್ಕೆ ಎಲ್ಲ ಸರಿಯಾಯಿತು ಎಂದರೆ ಸುಳ್ಳಾಗುತ್ತದೆ. ಬುಧವಾರ ಮಧ್ಯಾಹ್ನ ಮತ್ತೆ ಸೋರಿತು. ತೂತು ಒಂದು ಕಾಳಿನಷ್ಟು ದೊಡ್ಡದಾಗಿ ಕತ್ತರಿಸಿದ್ದ. ಮಲ್ಕಮ್ಮ ಗೋಡೆಗೆ ಮುಖ ಮಾಡಿ, "ಪಲ್ಲವಿಗಿ ಹೇಳ್ಬಿಡ್ರಿ, ಬರಲ್ಲಂತ," ಎಂದಳು. ದೇವೀಂದ್ರಪ್ಪ ಹೇಳಲಿಲ್ಲ. ಅಂಗಡಿ ಮುಚ್ಚಿ ಬಂದು, ಸ್ಟೂಲಿನ ಮೇಲೆ ಅವಳನ್ನು ಕೂರಿಸಿ ಹೊಸದಾಗಿ ಅಳತೆ ತೆಗೆದ. ಗುರುವಾರ ತಡೆಯಿತು. ಶುಕ್ರವಾರವೂ ತಡೆಯಿತು. ಶನಿವಾರ ಮಲ್ಕಮ್ಮ ಎರಡು ಜೋಳದ ರೊಟ್ಟಿ ತಟ್ಟಿದಳು, ತನಗೆ ಮೆತ್ತಗೆ ಅನ್ನ ಮಾಡಿಕೊಂಡಳು, ಇಬ್ಬರೂ ಎದುರು ಬದುರು ನೆಲದ ಮೇಲೆ ಕೂತು ಉಂಡರು. ಉಣ್ಣುವಾಗ ಅವಳು ಹತ್ತು ಸಲ ಹೊಟ್ಟೆ ಮುಟ್ಟಿ ನೋಡಿಕೊಂಡಳು. ಅವನು ನೋಡಿಯೂ ನೋಡದವನಂತೆ ರೊಟ್ಟಿ ಮುರಿದ.

ಐತವಾರ ಜೇವರ್ಗಿಯ ಬೀಗರ ಮನೆಯ ಪಡಸಾಲೆ ಹೆಂಗಸರಿಂದ ತುಂಬಿತ್ತು. ಬೀಗತಿ ಕಸ್ತೂರಿಬಾಯಿ ತಾನೇ ಚಾಪೆ ಹಾಸಿ ಮಲ್ಕಮ್ಮನನ್ನು ಕರೆದಳು. ಮಲ್ಕಮ್ಮ ಒಂದು ಕ್ಷಣ ನಿಂತಳು, ಬಾಗಿಲ ಬಳಿ ಗಂಡಸರ ನಡುವೆ ಕೂತಿದ್ದ ಗಂಡನನ್ನು ನೋಡಿದಳು, ಆಮೇಲೆ ನಿಧಾನಕ್ಕೆ ಕಾಲು ಮಡಚಿ ಕೂತಳು. ಪಲ್ಲವಿ ಕೂಸನ್ನು ತಂದು ತಾಯಿಯ ಉಡಿಯಲ್ಲಿ ಹಾಕಿದಳು. ಹಾಕಿದವಳೇ ಬಾಗಿ ತಾಯಿಯ ಹೆಗಲಿಗೆ ಹಣೆ ಒತ್ತಿದಳು.

ಫೋನಿನಲ್ಲಿ ಕಂಡದ್ದಕ್ಕಿಂತ ಕೂಸು ಚಿಕ್ಕದಿತ್ತು, ಬೆಚ್ಚಗಿತ್ತು. ಮಲ್ಕಮ್ಮ ಅದರ ಕಿವಿಯ ಹತ್ತಿರ ಬಾಯಿ ತಂದು ಹೆಸರು ಕರೆಯಬೇಕು, ಅಷ್ಟರಲ್ಲಿ ತಟ್ಟನೆ ತಲೆ ಹಿಂದಕ್ಕೆಳೆದಳು. ಮುಖದ ಬಣ್ಣ ಇಳಿಯಿತು. ದೂರದಿಂದಲೇ ದೇವೀಂದ್ರಪ್ಪನಿಗೆ ತಿಳಿಯಿತು. ಆ ಮುಖವನ್ನು ಅವನು ಎಷ್ಟು ಬೆಳಗು ನೋಡಿಲ್ಲ! ಅವಳ ಹಸಿರು ಸೀರೆಯ ಮೇಲೆ, ಹೊಟ್ಟೆಯ ಕೆಳಗೆ, ಒದ್ದೆ ಅಗಲವಾಗುತ್ತಿತ್ತು.

ದೇವೀಂದ್ರಪ್ಪ ಎದ್ದ. ಹೆಗಲ ಮೇಲಿನ ಟವೆಲು ಕೈಗೆ ಬಂದಿತ್ತು. ಇಷ್ಟು ಹೆಂಗಸರನ್ನು ದಾಟಿ ಹೇಗೆ ಹೋಗಲಿ, ಏನು ನೆಪ ಹೇಳಲಿ, ಎಲ್ಲಿ ತಪ್ಪಿದೆ ಎಂದು ಒಂದೂ ತಿಳಿಯಲಿಲ್ಲ.

ಮಲ್ಕಮ್ಮ ಕೂಸಿನ ಕೆಳಗೆ ಕೈ ಹಾಕಿದಳು. ಸೆರಗಿನ ಒಳಗೆ ಬೆಲ್ಟು ಮುಟ್ಟಿದಳು, ಪ್ಲೇಟಿನ ಅಂಚು ಮುಟ್ಟಿದಳು, ಸುತ್ತಲೂ ಬೆರಳಾಡಿಸಿದಳು. ಆಮೇಲೆ ಕೂಸನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿದಳು. ಅದರ ಕುಂಡೆಯ ಕೆಳಗಿನ ಬಟ್ಟೆಯಿಂದ ತೊಟತೊಟ ಹನಿ ಬೀಳುತ್ತಿತ್ತು.

"ಈಕಿದು ರೀ!" ಎಂದು ಅಷ್ಟೂ ಹೆಂಗಸರ ತಲೆಯ ಮೇಲಿಂದ ಕೂಗಿದಳು. "ಈಕಿದು! ಈಕಿನೇ ಮಾಡ್ಯಾಳ!"

ಹೆಂಗಸರು ಗೊಳ್ಳೆಂದು ನಕ್ಕರು. ಕೂಸಿನ ಉಚ್ಚೆಗೆ ಈ ಅಜ್ಜಿ ಯಾಕಿಷ್ಟು ಹಿಗ್ಗುತ್ತಾಳೆ ಎಂಬುದು ಅವರಿಗೆ ಎಲ್ಲಿಂದ ಗೊತ್ತಾಗಬೇಕು? ಪಲ್ಲವಿ ಮಾತ್ರ ನಗುತ್ತ ನಗುತ್ತ ಕಣ್ಣೊರೆಸಿಕೊಂಡಳು. ದೇವೀಂದ್ರಪ್ಪ ಟವೆಲನ್ನು ಮತ್ತೆ ಹೆಗಲಿಗೆ ಹಾಕಿಕೊಂಡು ಹೊಸ್ತಿಲ ಬಳಿಯೇ ಕೂತ.

"ಕೊಡ್ರಿ ಬೀಗತೇರ, ಸೀರಿ ಪೂರಾ ತೊಯ್ತು," ಎಂದು ಕಸ್ತೂರಿಬಾಯಿ ಕೈ ಚಾಚಿದಳು. "ಒಳಗ ಬರ್ರಿ, ಬ್ಯಾರೆ ಸೀರಿ ಉಟ್ಕೋರಿ."

"ಇರಲಿ ಬಿಡ್ರಿ," ಎಂದಳು ಮಲ್ಕಮ್ಮ. "ಆರ್ತದ."

ಕೂಸನ್ನು ಮತ್ತೆ ಉಡಿಗೆ ಇಳಿಸಿ, ಒದ್ದೆ ಸೀರೆಯ ಮೇಲೆಯೇ ಹೊಟ್ಟೆಗೆ ಹತ್ತಿರ ಎಳೆದುಕೊಂಡು, ಆರಾಮಾಗಿ ಸರಿದು ಕೂತಳು.