ಫುಮಿಕೊ ಅವರ ಅಡುಗೆಮನೆಯಲ್ಲಿ ರಾಚಕ್ಕ

೨೦೦೬ರ ನವೆಂಬರಿನಲ್ಲಿ ಮುನವಳ್ಳಿಯ ರಾಚಕ್ಕ ಮತ್ತು ನಾನು ಜಪಾನಿಗೆ ಹೋಗಿಬಂದೆವು. ಒಟ್ಟು ಹನ್ನೊಂದು ದಿನ. ಊರಲ್ಲಿ ಯಾರು ಸಿಕ್ಕರೂ ಮೊದಲು ವಿಮಾನದ ಬಗ್ಗೆ ಕೇಳುತ್ತಾರೆ, ಆಮೇಲೆ ರೈಲಿನ ಬಗ್ಗೆ. ನಾನು ಅವೆರಡನ್ನೂ ಹೇಳಿ ಮುಗಿಸುವಷ್ಟರಲ್ಲಿ ಅವರ ಬಸ್ಸು ಬಂದಿರುತ್ತದೆ. ನನಗೆ ಹೇಳಬೇಕೆನಿಸುವುದು ಮಾತ್ರ ಒಂದು ಅಡುಗೆಮನೆಯ ಸಂಗತಿ.

ನನ್ನ ಹೆಸರು ಮುಮ್ತಾಜ. ಯರಗಟ್ಟಿ ಬಸ್ ನಿಲ್ದಾಣದ ಹಿಂದೆ ನನ್ನದೊಂದು ಹೊಲಿಗೆ ಅಂಗಡಿ. ನಮ್ಮ ಮಹಿಳಾ ಸಂಘದಲ್ಲಿ ರೊಟ್ಟಿ ಮಾಡುವವರೇ ಹೆಚ್ಚು, ಅವರಲ್ಲಿ ರಾಚಕ್ಕನದು ಮೊದಲ ಹೆಸರು. ಐವತ್ತು ದಾಟಿದ ಎತ್ತರದ ಹೆಂಗಸು. ಆಕೆ ಬಡಿದ ಕಡಕ್ ರೊಟ್ಟಿ ಸವದತ್ತಿಯಿಂದ ಬೈಲಹೊಂಗಲದವರೆಗೆ ಮದುವೆ ಮನೆಗಳಿಗೆ ಹೋಗುತ್ತಿತ್ತು. ಹಿಂದಿನ ವರ್ಷ ಜಪಾನಿನ ರೈತ ಹೆಂಗಸರ ಒಂದು ತಂಡ ನಮ್ಮ ಸಂಘ ನೋಡಲು ಬಂದಿತ್ತು. ಅವರು ರಾಚಕ್ಕನ ರೊಟ್ಟಿಯನ್ನು ಬಿಸಿಲಿಗೆ ಹಿಡಿದು, ಅದರೊಳಗಿಂದ ಬೆಳಕು ಕಾಣುವುದನ್ನು ಒಬ್ಬರಿಗೊಬ್ಬರು ತೋರಿಸಿಕೊಂಡರು. ಮರುವರ್ಷ ಇಬ್ಬರನ್ನು ಕಳಿಸಿಕೊಡಿ ಎಂದು ಕರೆ ಬಂತು. ರಾಚಕ್ಕ ಹೊರಟಳು. ಅಲ್ಲಿ ದುಭಾಷಿಯಾಗುವ ಹುಡುಗಿಗೆ ಹಿಂದಿ ಬರುತ್ತದೆಂದು ತಿಳಿದು, ಮನೆಯಲ್ಲಿ ಉರ್ದು ಮಾತನಾಡುವ ನನ್ನನ್ನು ಜೊತೆಗೆ ಕಳಿಸಿದರು.

ರಾಚಕ್ಕನ ಕೊರಳಲ್ಲಿ ಲಿಂಗ. ಮೀನು, ಮಾಂಸ ಆಕೆಗೆ ದೂರ. ನನಗೆ ನನ್ನವೇ ನಿಯಮಗಳು. ಹೀಗಾಗಿ ಇಬ್ಬರೂ ಒಂದು ಚೀಲ ರೊಟ್ಟಿ, ಶೇಂಗಾ ಚಟ್ನಿ, ಗುರೆಳ್ಳು ಚಟ್ನಿ ಕಟ್ಟಿಕೊಂಡಿದ್ದೆವು. ಮೊದಲ ಮೂರು ದಿನ ಅದರ ಮೇಲೆಯೇ ಕಳೆದವು. ಹೋದಲ್ಲೆಲ್ಲ ಚಂದ ಚಂದದ ಬಟ್ಟಲು ಮುಂದಿಡುತ್ತಿದ್ದರು. ರಾಚಕ್ಕ ಕೈಮುಗಿದು ಅನ್ನ ಮಾತ್ರ ತಿನ್ನುತ್ತಿದ್ದಳು. ಅಲ್ಲಿ ಸಾರಿಗೂ ಪಲ್ಯಕ್ಕೂ ಒಣಮೀನಿನ ನೀರೇ ಬುನಾದಿ ಎಂದು ದುಭಾಷಿ ಹುಡುಗಿ ಮಿಹೊ ಮೊದಲೇ ಹೇಳಿದ್ದಳು.

ನಾಲ್ಕನೆಯ ದಿನ ನಾಗಾನೊ ಎಂಬ ಸೀಮೆಯ ಗುಡ್ಡದ ಹಳ್ಳಿಯೊಂದಕ್ಕೆ ಕರೆದೊಯ್ದರು. ಫುಮಿಕೊ ಎಂಬ ಎಪ್ಪತ್ತೆರಡು ವರ್ಷದ ರೈತ ಹೆಂಗಸಿನ ಮನೆ. ಆಕೆ ತಮ್ಮ ಮನೆಯ ಅಡುಗೆಯನ್ನು ನಮಗೆ ಕಲಿಸುವವರಿದ್ದರು. ನನ್ನ ಭುಜದಷ್ಟೂ ಎತ್ತರವಿಲ್ಲ. ಬೆನ್ನು ಸ್ವಲ್ಪ ಬಾಗಿತ್ತು. ತಲೆಗೆ ಬಿಳಿ ಬಟ್ಟೆ ಕಟ್ಟಿಕೊಂಡು ಬಾಗಿಲಲ್ಲೇ ನಿಂತಿದ್ದರು. ರಾಚಕ್ಕ ಒಳಗೆ ಕಾಲಿಟ್ಟವಳೇ ಮೂಗರಳಿಸಿದಳು.

"ಮೀನಿನ ವಾಸನಿ ಇಲ್ಲ ನೋಡ ಇಲ್ಲೆ" ಅಂದಳು.

ನಾನು ಅದನ್ನು ಹಿಂದಿಯಲ್ಲಿ ಮಿಹೊಗೆ ಹೇಳಿದೆ, ಮಿಹೊ ಜಪಾನಿಯಲ್ಲಿ ಫುಮಿಕೊಗೆ. ಫುಮಿಕೊ ಒಲೆಯ ಮೇಲಿನ ಪಾತ್ರೆಯ ಮುಚ್ಚಳ ತೆಗೆದು ತೋರಿಸಿದರು. ಚಹಾದ ಬಣ್ಣದ ತಿಳಿನೀರು. ಸಮುದ್ರದಲ್ಲಿ ಬೆಳೆಯುವ ಒಂದು ಸೊಪ್ಪಿನ ಒಣಪಟ್ಟಿ ಮತ್ತು ಒಣಗಿಸಿದ ಅಣಬೆ ನೆನೆಹಾಕಿ ತೆಗೆದ ಸಾರಂತೆ. ರುಚಿಗೆಂದು ಹಾಕುವ ಅಕ್ಕಿಯ ಮದ್ಯವನ್ನೂ ಬಿಟ್ಟು ಸಕ್ಕರೆ ಹಾಕಿದ್ದಾರೆ, ಅದು ನನಗಾಗಿ. ಇಷ್ಟನ್ನು ಫುಮಿಕೊ ಹೇಳಿದರು. ಉಳಿದದ್ದನ್ನು ಮಿಹೊ ಮೆಲ್ಲಗೆ ಸೇರಿಸಿದಳು: ಫುಮಿಕೊ ಐವತ್ತು ವರ್ಷದಿಂದ ಮೀನಿಲ್ಲದ ಸಾರು ಮಾಡಿದವರಲ್ಲ. ನಾವು ಬರುತ್ತೇವೆಂದು ತಿಳಿದ ಮೇಲೆ ದಿನವೂ ಮಾಡಿ ನೋಡಿದ್ದಾರೆ. ಮನೆಯವರು ಆರು ದಿನ ಸರಿಯಾಗದ ಸಾರನ್ನೇ ಉಂಡಿದ್ದಾರೆ. ಪಾತ್ರೆ ಹೊಸದು.

ನಾನು ಕನ್ನಡದಲ್ಲಿ ಹೇಳಿ ಮುಗಿಸಿದಾಗ ರಾಚಕ್ಕ ಬಗ್ಗಿ ಪಾತ್ರೆಯೊಳಗೆ ಇನ್ನೊಮ್ಮೆ ನೋಡಿದಳು.

"ಅಣಬಿ ನಡೀತೈತಿ" ಅಂದಳು ಕೊನೆಗೆ. "ಮಳಿಗಾಲದಾಗ ನಮ್ಮ ಹೊಲದಾಗಿಂದ ತಂದು ತಿಂದೇನಿ. ಉಣ್ಣತೇನಿ ಅಂತ ಹೇಳು."

ಕಲಿಯಬೇಕಾಗಿದ್ದುದು ಸೊಬಾ. ಅದೊಂದು ಮೂರು ಮೂಲೆಯ ಸಣ್ಣ ಕರಿಕಾಳು, ಗುಡ್ಡದ ಬಡಭೂಮಿಯಲ್ಲಿ ಬೆಳೆಯುತ್ತದೆ. ಅದರ ಹಿಟ್ಟನ್ನು ನಾದಿ, ಲಟ್ಟಿಸಿ, ಶಾವಿಗೆಯಂತೆ ಕತ್ತರಿಸಿ ಬೇಯಿಸುತ್ತಾರೆ. ಫುಮಿಕೊ ಹೊಸ ಸುಗ್ಗಿಯ ಹಿಟ್ಟನ್ನು ಪರಾತದಷ್ಟು ಅಗಲದ ಕಟ್ಟಿಗೆಯ ಬೋಗುಣಿಗೆ ಸುರಿದರು. ನಮ್ಮ ಬಿಳಿಜೋಳದ ಹಿಟ್ಟಿಗಿಂತ ಬಣ್ಣ ಒಂದಿಷ್ಟು ಕಪ್ಪು. ರಾಚಕ್ಕ ಚಿಟಿಕೆ ಹಿಟ್ಟು ತೆಗೆದು ಹೆಬ್ಬೆರಳಿನಿಂದ ತಿಕ್ಕಿದಳು. ಮುಖ ಅರಳಿತು.

"ಜೋಳದಂಗ ಐತಿ ಮುಮ್ತಾಜ. ಜಿಗಟ ಇಲ್ಲ ಇದಕ್ಕ. ಕೈ ಬಲ್ಲವರಿಗಷ್ಟ ಬರತೈತಿ ಇದು. ಎಸರ ಎಲ್ಲೈತಿ ಕೇಳು."

ಎಸರಿಲ್ಲ, ತಣ್ಣೀರು ಎಂದರು ಫುಮಿಕೊ. ರಾಚಕ್ಕ ನಂಬಲಿಲ್ಲ. ಜೋಳದ ಹಿಟ್ಟಿಗೆ ಕುದಿಯುವ ನೀರು ಬೀಳದಿದ್ದರೆ ರೊಟ್ಟಿ ಬಡಿಯುವಾಗ ಹರಿಯುತ್ತದೆ. ನಲವತ್ತು ವರ್ಷ ಅದನ್ನೇ ಮಾಡಿದ ಕೈ. ಆದರೂ ಅವರ ಮಾತಿನಂತೆ ತಣ್ಣೀರನ್ನೇ ತೆಗೆದುಕೊಂಡಳು. ಒಮ್ಮೆಗೇ ಸುರಿದು, ಅಂಗೈಯಿಂದ ಒತ್ತಿ ಒತ್ತಿ ನಾದತೊಡಗಿದಳು. ಫುಮಿಕೊ ಪಕ್ಕದಲ್ಲಿ ಕೈಕಟ್ಟಿ ನಿಂತು ನೋಡಿದರು. ಹಿಟ್ಟು ಒಂದು ಕಡೆ ಕೆಸರಾಯಿತು, ಇನ್ನೊಂದು ಕಡೆ ಒಣಗಿಯೇ ಉಳಿಯಿತು. ಲಟ್ಟಿಸಿದರೆ ಬೇಸಿಗೆಯ ಕೆರೆಯಂತೆ ಬಿರುಕು ಬಿಟ್ಟಿತು.

ಫುಮಿಕೊ ಎರಡು ಮಾತು ಹೇಳಿದರು. ಮಿಹೊ ಹಿಂದಿಯಲ್ಲಿ ಹೇಳಿದ್ದು ಇಷ್ಟು: ಇದು ತಪ್ಪಾಗಿದೆ, ಮೊದಲಿನಿಂದ ಮಾಡಬೇಕು.

ರಾಚಕ್ಕನಿಗೆ ಹಿಟ್ಟಿನ ವಿಷಯದಲ್ಲಿ ತಪ್ಪಾಗಿದೆ ಎಂದವರು ಸುತ್ತ ಹತ್ತು ಹಳ್ಳಿಯಲ್ಲಿಲ್ಲ. "ಚಲೊ ಆಗೇತಂತ ಅಕ್ಕ, ಇನ್ನೊಮ್ಮಿ ಮಾಡಿದ್ರ ಇನ್ನೂ ಚಲೊ ಆಗತೈತಂತ" ಅಂದೆ.

"ಸುಳ್ಳ ಹೇಳಬ್ಯಾಡ" ಅಂದಳು ರಾಚಕ್ಕ. "ಅವರ ಮಾರಿ ನೋಡಿದ್ರ ನನಗ ತಿಳಿಯೂದಿಲ್ಲೇನು? ಕೆಟ್ಟೈತಿ ಅಂದ್ರು. ಹೌದು, ಕೆಟ್ಟೈತಿ."

ಆಕೆಯ ಕಿವಿ ಕೆಂಪಾಗಿದ್ದವು. ಕೈತೊಳೆದುಕೊಂಡು ಹೊರಗೆ ಹೋಗಿ ಕುಳಿತುಬಿಡುತ್ತಾಳೆ ಅಂದುಕೊಂಡೆ. ಕೈತೊಳೆದುಕೊಂಡಳು, ಮತ್ತೆ ಬಂದು ಬೋಗುಣಿಯ ಮುಂದೆ ನಿಂತಳು.

"ಅವರ ಒಮ್ಮಿ ಮಾಡ್ಲಿ. ನಾ ನೋಡತೇನಿ."

ಫುಮಿಕೊ ಮಾಡಿದರು. ಅಂಗೈ ಹಿಟ್ಟಿಗೆ ತಾಗಲೇ ಇಲ್ಲ. ಹತ್ತೂ ಬೆರಳು ಅಗಲಿಸಿ, ತುದಿಗಳಿಂದ ಮಾತ್ರ ಹಿಟ್ಟನ್ನು ಸುತ್ತಲೂ ಕೆದಕುತ್ತ ಹೋದರು. ನೀರನ್ನು ಮೂರು ಪಾಲು ಮಾಡಿ ಹಾಕಿದರು. ಮೊದಲು ಹಿಟ್ಟು ರವೆಯಾಯಿತು, ಆಮೇಲೆ ಸಣ್ಣ ಹರಳುಗಳಾಯಿತು, ಹರಳು ಹರಳು ಸೇರಿ ಗುಂಡುಗಳಾಯಿತು. ಕೊನೆಯ ನೀರನ್ನು ಬೆರಳಿನಿಂದ ಚಿಮುಕಿಸಿದರು, ಅಷ್ಟೇ. ಆಮೇಲೆ ಆ ಬಾಗಿದ ಬೆನ್ನಿನ ಬಲವೆಲ್ಲ ಕೈಗೆ ಬಂದಂತೆ ಒತ್ತಿದರು. ಹಿಟ್ಟು ಒಂದೇ ಮುದ್ದೆಯಾಗಿ, ಕೂಸಿನ ಕೆನ್ನೆಯ ಹಾಗೆ ನುಣುಪಾಯಿತು. ಅದನ್ನು ಮಾರುದ್ದದ ಲಟ್ಟಣಿಗೆಗೆ ಸುತ್ತಿ ಸುತ್ತಿ ತೆಳ್ಳಗೆ ಹರಡಿದರು. ಮಡಚಿ, ಅಗಲ ಬಾಯಿಯ ದೊಡ್ಡ ಕತ್ತಿಯಿಂದ ಕತ್ತರಿಸಿದರೆ ಒಂದೆಳೆಯೂ ಇನ್ನೊಂದಕ್ಕಿಂತ ದಪ್ಪವಿಲ್ಲ. ಇಷ್ಟರಲ್ಲಿ ಒಂದು ಮಾತೂ ಆಡಲಿಲ್ಲ. ಬೋಗುಣಿಯ ಹೊರಗೆ ಒಂದು ಚಿಟಿಕೆ ಹಿಟ್ಟೂ ಚೆಲ್ಲಿರಲಿಲ್ಲ.

ರಾಚಕ್ಕ ಹತ್ತಿರ ಬಂದು ನೋಡಿದಳು. "ಶಿವನ" ಅಂದಳು. "ಏನ್ ಕೈ ಅದಾವ ನೋಡ ಆ ತಾಯಿವು."

ಎರಡನೆಯ ಸಲ ರಾಚಕ್ಕನದು ಅರ್ಧ ಸರಿಯಾಯಿತು. ಮೂರನೆಯ ಸಲಕ್ಕೆ ಹಿಟ್ಟು ಕೂಡಿತು. ಅಷ್ಟೂ ಹೊತ್ತು ಫುಮಿಕೊ ಒಂದು ಸಲವೂ ಆಕೆಯ ಕೈಯಿಂದ ಹಿಟ್ಟು ಕಸಿದುಕೊಳ್ಳಲಿಲ್ಲ. ಬೇಸರದ ಗೆರೆ ಮುಖದ ಮೇಲೆ ಬರಲಿಲ್ಲ. ನೀರು ಹೆಚ್ಚಾಗುತ್ತಿದೆ ಅನಿಸಿದಾಗ ಒಂದೇ ಒಂದು ಬೆರಳನ್ನು ಮೇಲೆತ್ತುತ್ತಿದ್ದರು, ರಾಚಕ್ಕ ನಿಲ್ಲಿಸುತ್ತಿದ್ದಳು. ನಾನೂ ಮಿಹೊ ಕೂಡ ಸುಮ್ಮನೆ ನಿಂತಿದ್ದೆವು. ಅವರಿಬ್ಬರ ನಡುವೆ ಮಾತು ದಾಟಿಸುವ ಕೆಲಸವೇ ಉಳಿದಿರಲಿಲ್ಲ.

ಕತ್ತಿ ಮಾತ್ರ ರಾಚಕ್ಕನಿಗೆ ಒಲಿಯಲಿಲ್ಲ. ಕೆಲವು ಎಳೆ ಕಿರುಬೆರಳಷ್ಟು ದಪ್ಪ, ಕೆಲವು ತುಂಡುತುಂಡು. ಊಟಕ್ಕೆ ಕುಳಿತಾಗ ಫುಮಿಕೊ ತಾವು ಕತ್ತರಿಸಿದ್ದನ್ನು ನಮಗಿಟ್ಟು, ರಾಚಕ್ಕನ ದಪ್ಪ ತುಂಡುಗಳನ್ನು ತಮ್ಮ ಬಟ್ಟಲಿಗೆ ಹಾಕಿಕೊಂಡರು. ರಾಚಕ್ಕ ಅದನ್ನು ನೋಡಿ ಕೈ ಅಡ್ಡ ಹಿಡಿದಳು.

"ಅದನ್ನ ಯಾಕ ತಿಂತೀರಿ, ಬಿಡ್ರಿ. ನನಗ ಹಾಕ್ರಿ."

ಫುಮಿಕೊ ತಲೆಯಾಡಿಸಿ, ಕೊನೆಯ ತುಂಡಿನವರೆಗೂ ನಿಧಾನವಾಗಿ ಅಗಿದು ತಿಂದರು. ಆಮೇಲೆ ಹೇಳಿದ್ದನ್ನು ಮಿಹೊ ನನಗೆ ಎರಡು ಸಲ ಹೇಳಬೇಕಾಯಿತು, ನಾನು ಸರಿಯಾಗಿ ದಾಟಿಸಬೇಕೆಂದು: "ನಾನು ಮದುವೆಯಾಗಿ ಬಂದಾಗ ನನಗೆ ಇದು ಕೂಡಲು ಒಂದು ಚಳಿಗಾಲ ಬೇಕಾಯಿತು. ನಿಮಗೆ ಒಂದು ಮುಂಜಾನೆ ಸಾಕಾಯಿತು. ಈ ಕೈ ಬಹಳ ಕೆಲಸ ಮಾಡಿದ ಕೈ."

ಈ ಸಲ ನಾನು ಒಂದಕ್ಷರ ಹೆಚ್ಚುಕಮ್ಮಿ ಮಾಡದೆ ಹೇಳಿದೆ. ರಾಚಕ್ಕ ಸೆರಗಿನಿಂದ ಕಣ್ಣೊರೆಸಿಕೊಂಡು ಬಟ್ಟಲಿನ ಸಾರನ್ನು ಪೂರ್ತಿ ಕುಡಿದಳು. ಇನ್ನೊಂದು ಬಟ್ಟಲು ಕೇಳಿದಳು. ನಾಲ್ಕು ದಿನದಲ್ಲಿ ಆಕೆ ಹೊಟ್ಟೆತುಂಬ ಉಂಡದ್ದು ಅದೇ ಮೊದಲು.

ಊರಿಗೆ ಬಂದ ಒಂದು ತಿಂಗಳಿಗೆ ಫೋಟೊ ಕೊಡಲೆಂದು ಮುನವಳ್ಳಿಗೆ ಹೋಗಿದ್ದೆ. ರಾಚಕ್ಕನ ಸೊಸೆ ನಾಗರತ್ನಾ ಒಲೆಯ ಮುಂದಿದ್ದಳು. ನನಗೆ ಆಶ್ಚರ್ಯ. ಆಕೆ ಬಂದು ಎರಡು ವರ್ಷವಾಗಿದ್ದರೂ ರೊಟ್ಟಿಯ ಹಿಟ್ಟು ನಾದುವ ಕೊಣಮಿಗೆ ಆಕೆ ಕೈಹಾಕಿದ್ದನ್ನು ನಾನು ಕಂಡಿರಲಿಲ್ಲ. ಮೊದಲ ವಾರ ಎರಡು ರೊಟ್ಟಿ ಹರಿದವೆಂದು ಅತ್ತೆ, "ಏಳ, ನಿನ್ನ ಕೈಲಿ ಆಗೂದಲ್ಲ" ಎಂದು ಎಬ್ಬಿಸಿದ್ದಳಂತೆ. ಅಂದಿನಿಂದ ಆಕೆ ಪಲ್ಯ, ಅನ್ನಕ್ಕಷ್ಟೇ. ಈಗ ರಾಚಕ್ಕ ಎರಡು ಮಾರು ದೂರದಲ್ಲಿ ಮಣೆಯ ಮೇಲೆ ಕುಳಿತಿದ್ದಳು. ಎರಡೂ ಕೈ ಮೊಣಕಾಲ ಸುತ್ತ ಬಿಗಿದಿದ್ದವು. ಸೊಸೆ ಬಡಿಯುವ ಪ್ರತಿಯೊಂದು ಏಟಿಗೂ ಆಕೆಯ ಭುಜ ಅಲುಗುತ್ತಿತ್ತು.

"ನೀರ ಹೆಚ್ಚಾತು" ಅಂದುಬಿಟ್ಟಳು, ತಡೆಯಲಾಗದೆ.

"ಆಗಲಿ ಬಿಡ್ರಿ ಅತ್ತಿ" ಅಂದಳು ನಾಗರತ್ನಾ, ತಿರುಗಿಯೂ ನೋಡದೆ. "ಇದು ಕೆಟ್ರ ಇನ್ನೊಂದ ಮಾಡತೇನಿ."

ರಾಚಕ್ಕ ನನ್ನ ಕಡೆ ನೋಡಿ ಬಾಯಿಗೆ ಸೆರಗು ಹಿಡಿದು ನಕ್ಕಳು. "ನೋಡಿದೇನ? ಸುಮ್ಮ ಕುಂದರೂದು ರೊಟ್ಟಿ ಬಡಿಯೂದ್ಕಿಂತ ತ್ರಾಸ ಐತಿ. ಆ ತಾಯಿ ಹೆಂಗ ನಿಂತಿದ್ರೋ ಮೂರು ತಾಸು!"

ಊಟವಾದ ಮೇಲೆ ಫುಮಿಕೊ ಅವರಿಗೆ ಒಂದು ಪತ್ರ ಬರೆಯಲು ಹೇಳಿದಳು. ನಾನು ಹಿಂದಿಯಲ್ಲಿ ಬರೆದರೆ ಮಿಹೊ ತನ್ನ ಭಾಷೆಗೆ ತಿರುಗಿಸುತ್ತಾಳೆ. ಏನು ಬರೆಯಲಿ ಎಂದು ಕೇಳಿದೆ. ರಾಚಕ್ಕ ಹೊಲದ ಕಡೆ ಕೈ ತೋರಿಸಿದಳು.

"ನಮ್ಮ ಹೊಲದಾಗ ಬಿಳಿಜೋಳ ತೆನಿ ಹಿಡಿಯಾಕ ಹತ್ತೇತಿ ಅಂತ ಬರಿ. ಸೀತನಿ ಸುಡೂ ಹೊತ್ತಿಗೆ ಬರ್ರಿ ಅನ್ನು. ಹಸಿ ತೆನಿ ಕೆಂಡದಾಗ ಸುಟ್ಟು, ಬಿಸಿಬಿಸಿ ಕಾಳು ಉದುರಿಸಿ ಕೊಡತೇನಿ ಅನ್ನು. ಹೊಲದಾಗ ಕುಂದ್ರಾಕ ಕಂಬಳಿ ಹಾಸತೇನಿ, ಬೆನ್ನಿಗೆ ತ್ರಾಸ ಆಗೂದಿಲ್ಲ ಅಂತ ಅದನ್ನೂ ಬರಿ."

ಬರೆದೆ.

"ಮತ್ತ ಒಂದ ಕೇಳು" ಅಂದಳು. "ಅವರ ಮನಿಯಾಗ ಏನೇನ ನಡೆಯೂದಿಲ್ಲ ಅಂತ ಕೇಳು. ಮೊದಲ ತಿಳಿಸ್ರಿ ಅನ್ನು. ನಾನೂ ಆರು ದಿನ ಮಾಡಿ ನೋಡತೇನಿ."