ಕತ್ತರಿ ಚೀಟಿ

ಸುಳ್ಳು ಹೇಳುವವನಿಗೆ ನೆನಪು ಗಟ್ಟಿಯಿರಬೇಕು. ದರಿದ್ರ, ನನಗೆ ನನ್ನ ಸಹಿಯೇ ಮರೆತುಹೋಗಿತ್ತು.

ವ್ಯಾಂಕೂವರ್‌ನಲ್ಲಿ ನಮ್ಮ ದೆವ್ವದ ಧಾರಾವಾಹಿಗೆ ಇಪ್ಪತ್ತು ವರ್ಷ ತುಂಬಿದ ಸಮಾರಂಭ. ವಾರಕ್ಕೊಂದು ಕಥೆ, ಕಥೆಗೊಬ್ಬ ನಿರ್ದೇಶಕ. ಕಟ್ಟಳೆ ಒಂದೇ: ನಿರ್ದೇಶಕ ‘ಕತ್ತರಿ ಚೀಟಿ’ಗೆ ಸಹಿ ಹಾಕದೆ ಒಂದು ಫ್ರೇಮನ್ನೂ ಯಾರೂ ಕತ್ತರಿಸುವಂತಿಲ್ಲ. ಅದಕ್ಕೇ ಇಂದಿನ ಹುಡುಗರು ನಮ್ಮನ್ನು ಹೊತ್ತು ಮೆರೆಸುತ್ತಾರೆ.

ನಾನು ನಿರ್ದೇಶಿಸಿದ ಕಂತನ್ನು ಬರೆದವಳು ಮರ್ನಾ. ಅವಳ ಅಪ್ಪ ಕಲ್ಲಿದ್ದಲ ಗಣಿ ಕುಸಿದು ಸತ್ತವನು. ಕಂತಿನ ಕೊನೆಯ ನಾಲ್ಕು ನಿಮಿಷ, ಸತ್ತ ಗಣಿ ಕಾರ್ಮಿಕರು ಮಾಲೀಕನ ಊಟದ ಮೇಜಿಗೆ ಬಂದು, ತಟ್ಟೆ ಹಿಡಿದು ಸುಮ್ಮನೆ ಕೂರುತ್ತಾರೆ. ಪ್ರಸಾರದಲ್ಲಿ ಅದು ಇರಲಿಲ್ಲ. ವಾಹಿನಿಯವರು ಕಟ್ಟಳೆ ಮುರಿದು ಕತ್ತರಿಸಿದರೆಂದು ನಾನೇ ಅವಳಿಗೆ ಹೇಳಿದ್ದೆ. ಅವಳು ಪತ್ರಿಕೆಗಳಲ್ಲಿ ವಾಹಿನಿಯ ಮಾನ ಹರಾಜು ಹಾಕಿದಳು. ಆಮೇಲೆ ಅವಳಿಗೆ ಯಾರೂ ಕೆಲಸ ಕೊಡಲಿಲ್ಲ. ನಾನು ಬಾಯಿಗೆ ಬೀಗ ಹಾಕಿಕೊಂಡು ಕೂತೆ.

ಸಭಾಂಗಣದ ಬಾಗಿಲಲ್ಲಿ ಒಂದು ಗಾಜಿನ ಪೆಟ್ಟಿಗೆ. ಒಳಗೆ ಕಂತಿಗೊಂದರಂತೆ ಹದಿಮೂರು ಕತ್ತರಿ ಚೀಟಿ. ಹನ್ನೆರಡು ಖಾಲಿ. ಒಂದರಲ್ಲಿ ಮಾತ್ರ ‘ನಾಲ್ಕು ನಿಮಿಷ’, ಕೆಳಗೆ ನನ್ನ ಸಹಿ. ಮರ್ನಾ ಅದನ್ನೇ ನೋಡುತ್ತಾ ನಿಂತಿದ್ದಳು.

“ಲೈಲ್, ಇದೇನೋ ಇದು?”

“ಅದು... ಅವರು ಬಲವಂತ ಮಾಡಿ...”

ನಿರ್ಮಾಪಕ ಡ್ವೈಟ್ ಊರುಗೋಲು ಕುಟ್ಟುತ್ತಾ ಬಂದ. ಎಂಬತ್ತಾರರ ಮುದುಕ. ಯಾರಿಗೂ ಹೇಳಬೇಡವೆಂದು ನಾನು ಬೇಡಿಕೊಂಡಿದ್ದು ಅವನಿಗೆ ಮರೆತೇಹೋಗಿತ್ತು.

“ಯಾವನಯ್ಯಾ ಬಲವಂತ ಮಾಡಿದ್ದು? ಆ ದೃಶ್ಯ ಇರ್ಲಿ ಬಿಡೋ ಅಂತ ಬಡ್ಕೊಂಡೆ. ನನ್ನ ಮುಂದಿನ ಸಿನಿಮಾಕ್ಕೆ ದುಡ್ಡು ಹಾಕೋನಿಗೆ ಗಣಿ ಇದೆ, ಮುನಿಸ್ಕೋತಾನೆ ಅಂತ ನೀನೇ ತಾನೆ ಕತ್ತರಿ ಕೇಳಿದ್ದು?”

ಆ ಸಿನಿಮಾ ಆಗಲೂ ಇಲ್ಲ, ಥೂ!

ಮರ್ನಾ ಕೂಗಾಡಲಿಲ್ಲ. “ಪ್ರತಿ ಕ್ರಿಸ್‌ಮಸ್‌ಗೂ ನಿಂಗೆ ಕೇಕ್ ಕಳಿಸ್ತಿದ್ದೆ ಕಣೋ. ಪಾಪ, ನಿಂಗೂ ಹೊಟ್ಟೆ ಉರಿದಿರುತ್ತೆ ಅಂತ.”

ಎಲ್ಲ ಕೇಕನ್ನೂ ತಿಂದಿದ್ದೆ.

ನಾನು ವೇದಿಕೆ ಹತ್ತಿದಾಗ ಸಭೆಯಲ್ಲಿದ್ದ ಹುಡುಗಿಯೊಬ್ಬಳು ಕೇಳಿದಳು: “ಸರ್, ನಿಜವಾಗ್ಲೂ ಅಷ್ಟು ಸ್ವಾತಂತ್ರ್ಯ ಇತ್ತಾ?”

“ಇತ್ತಮ್ಮ. ನನಗೇ ಧೈರ್ಯ ಇರಲಿಲ್ಲ. ನಾಲ್ಕು ನಿಮಿಷ ಕತ್ತರಿಸಿದ್ದು ನಾನು. ಮರ್ನಾಗೆ ಸುಳ್ಳು ಹೇಳ್ದೆ. ಅವಳ ಬದುಕು ಹಾಳಾಯ್ತು.”

ಸಭೆ ಎದ್ದು ನಿಂತು ಚಪ್ಪಾಳೆ ತಟ್ಟಿತು. ಎಂಥ ಪ್ರಾಮಾಣಿಕ ಮನುಷ್ಯ ಎಂದು ಯಾರೋ ಅಂದರು. ಮೊದಲ ಸಾಲಿನಲ್ಲಿ ಮರ್ನಾ ಒಬ್ಬಳೇ ಏಳದೆ ಕೂತಿದ್ದಳು.

“ಯಾಕ್ರೀ ಚಪ್ಪಾಳೆ?” ಎಂದಳು. “ನಮ್ಮಪ್ಪನ್ನ ಮೊದಲು ಗಣಿ ಹೂತಿತು. ಎರಡನೇ ಸಲ ಹೂತೋನು ಇವನು.”

ಚಪ್ಪಾಳೆ ನಿಂತಿತು. ನಾನು ಕೆಳಗಿಳಿಯಲೂ ಆಗದೆ, ಮೈಕು ಹಿಡಿದುಕೊಂಡು ಅಲ್ಲೇ ನಿಂತಿದ್ದೆ.