ಟೀವಿಯಲ್ಲಿ ಬಂದ ಗಂಗಕ್ಕ

"ಕ್ಯಾತನ ಮಗಳಲ್ವೇನೇ ನೀನು? ಕ್ಯಾಮರಾ ತಂದ್ಬುಟ್ರೆ ನನ್ ಎದ್ರುಗೆ ಕುರ್ಚಿ ಮ್ಯಾಲೆ ಕುಂತ್ಕಬೋದಾ? ಏಳೇ ಮೇಲೆ."

ಕೋಮಲಾ ಎದ್ದು ನಿಂತಳು. ಕಂದಿಕೆರೆ ಹತ್ತಿರದ ಆ ತೆಂಗಿನ ನಾರಿನ ಕಾರ್ಖಾನೆ ಗಂಗಾಧರನದು. ಅವನು ಹಾಗೆ ಅಂದಾಗ ಸಿಪ್ಪೆ ಹೊರುತ್ತಿದ್ದ ಹೆಂಗಸರು ಯಾರೂ ತಲೆ ಎತ್ತಲಿಲ್ಲ. ಅವಳ ಅಪ್ಪ ಕ್ಯಾತಪ್ಪ ಅದೇ ಅಂಗಳದಲ್ಲಿ ಕಾಯಿ ಸುಲಿಯುತ್ತಲೇ ಸತ್ತವನು. ಮಗಳು ಓದಿ ಸರ್ಕಾರಿ ಟೀವಿ ಸೇರಿದಳು. ಮೊದಲು ಗುತ್ತಿಗೆ ವರದಿಗಾರ್ತಿ, ಈಗ ಕೃಷಿ ಕಾರ್ಯಕ್ರಮದ ನಿರ್ಮಾಪಕಿ. ಇಷ್ಟು ವರ್ಷ ಅವಳು ತೋರಿಸಿದ್ದು ತೋಟದವರನ್ನೇ. ಸುಲಿಯುವವರು ಅವರ ಬೆನ್ನ ಹಿಂದೆ ಮಸುಕಾಗಿ ಕಾಣುತ್ತಿದ್ದರು. ಈ ಸಲ ಅವರನ್ನೇ ಮುಂದೆ ತರಬೇಕೆಂದು ಬಂದಿದ್ದಳು.

ಗಂಗಾಧರ ಊಟಕ್ಕೆ ಹೋದಾಗ ಕೋಮಲಾ ತನ್ನ ಚಿಕ್ಕವ್ವ ಗಂಗಕ್ಕನನ್ನು ಸಿಪ್ಪೆ ರಾಶಿಯ ಮರೆಗೆ ಕರೆದಳು. ನಾರಿನ ಮಿಷನ್ನು ಗಂಗಕ್ಕನ ಬಲಗೈಯನ್ನು ಮಣಿಕಟ್ಟಿನವರೆಗೆ ತಿಂದಿತ್ತು. ಮನೆಯಲ್ಲಿ ಬಿದ್ದಳು ಎಂದು ಗಂಗಾಧರ ಆಸ್ಪತ್ರೆಯಲ್ಲಿ ಬರೆಸಿದ್ದ. ಈಗ ಎಡಗೈಯಲ್ಲಿ ಅಂಗಳ ಗುಡಿಸುತ್ತಿದ್ದಳು. ಮೊದಲು ಹೆದರಿದಳು. ನಿನ್ನ ಒಂದು ಮಾತೂ ಕತ್ತರಿಸುವುದಿಲ್ಲ ಎಂದು ಕೋಮಲಾ ಆಣೆ ಮಾಡಿದ ಮೇಲೆ ಬಾಯಿ ಬಿಟ್ಟಳು.

"ಮಿಷನ್ಗೆ ತಗಡು ಮುಚ್ಚಿಸು ಅಂತ ಕಾಲಿಗೆ ಬಿದ್ವಿ ಕಣೇ. ಕೇಳ್ನಿಲ್ಲ ಬೋಳಿಮಗ."

ಪ್ರಸಾರದ ದಿನ ಹಟ್ಟಿಯವರೆಲ್ಲ ಜುಂಜೇಶನ ಅಂಗಡಿಯ ಟೀವಿ ಮುಂದೆ ಕೂತರು. ತೆರೆಯ ಮೇಲೆ ಹಾರ ಹಾಕಿಕೊಂಡ ಗಂಗಾಧರ ಬಂದ, ಬಡ ಹೆಂಗಸರಿಗೆ ಅನ್ನ ಕೊಟ್ಟ ಕತೆ ಹೇಳಿದ. ಆಮೇಲೆ ಗಂಗಕ್ಕನ ಮುಖ ಬಂತು. ಬಾಯಿ ಆಡುತ್ತಿತ್ತು, ಕಣ್ಣಲ್ಲಿ ನೀರಿತ್ತು. ಕೇಳಿಸಿದ್ದು ಮಾತ್ರ ಕೊಳಲಿನ ಸಂಗೀತ, ಅದರ ಮೇಲೆ ಕೋಮಲಾಳ ದನಿ: "ಕೈ ಇಲ್ಲದವರಿಗೂ ಇಲ್ಲಿ ಕೆಲಸವುಂಟು."

ಯಾರೋ ನಕ್ಕರು. ಗಂಗಕ್ಕ ಎದ್ದು ಮನೆಗೆ ಹೋದಳು.

ಬೆಳಿಗ್ಗೆ ಗಂಗಾಧರ ಅವಳನ್ನು ಗೇಟಿನಲ್ಲೇ ತಡೆದು, ಇನ್ನು ಕೆಲಸಕ್ಕೆ ಬರಬೇಡ ಅಂದ. ಅವಳು ಬೈದದ್ದು ಟೀವಿ ಆಫೀಸಿನಿಂದಲೇ ಅವನ ಕಿವಿಗೆ ಬಿದ್ದಿತ್ತು.

ಸುದ್ದಿ ತಿಳಿದು ಕೋಮಲಾ ಓಡಿ ಬಂದಳು. ಮೇಲಧಿಕಾರಿ ಗಂಗಕ್ಕನ ಮಾತನ್ನೆಲ್ಲ ತೆಗೆಸಿ, ಅದರ ಬದಲು ಓದಬೇಕಾದ್ದನ್ನು ತಾನೇ ಬರೆದುಕೊಟ್ಟನಂತೆ. ಓದದಿದ್ದರೆ ಕಾರ್ಯಕ್ರಮವೂ ಇಲ್ಲ, ನೀನೂ ಇಲ್ಲ ಅಂದನಂತೆ. ಓದಿದೆ ಎಂದು ಅತ್ತಳು. ಇನ್ನೊಂದು ಸಲ ಹೇಳು, ನನ್ನ ಫೋನಿನಲ್ಲೇ ತೆಗೆದು ಊರಿಗೆಲ್ಲ ಕಳಿಸುತ್ತೇನೆ, ಕೆಲಸ ಹೋದರೆ ಹೋಗಲಿ ಎಂದಳು.

"ನಂದು ಆಗ್ಲೇ ಹೋಯ್ತು ಕಣೇ," ಅಂದಳು ಗಂಗಕ್ಕ. "ಬಾಯಿ ಇದ್ರೆ ತಾನೆ ನೀವು ಮುಚ್ಚೋದು."

ಕೋಮಲಾ ಫೋನು ಎತ್ತಿ ಹಿಡಿದಳು. ಗಂಗಕ್ಕ ಸೆರಗು ಸರಿಸಿ ಮೋಟುಗೈಯನ್ನು ಅದರ ಮುಂದೆ ಚಾಚಿದಳು. ಮಾತಾಡಲಿಲ್ಲ. ಕೈ ಇಳಿಸಲಿಲ್ಲ.